ತಾಳಮದ್ದಲೆ ಕೂಟಗಳಲ್ಲಿ ಎಚ್1 ಎಸೆನ್ಷಿಯಲ್: ದೀರ್ಘ ಬಳಕೆಯ ನಂತರ

ಝೂಮ್ ಕಂಪನಿ 2024ರಲ್ಲಿ ಹೊರತಂದ ಎಚ್1 ಎಸೆನ್ಷಿಯಲ್ ಎಂಬ ಈ ಪುಟ್ಟ ಧ್ವನಿಮುದ್ರಕವನ್ನು ನಾನು ಕೊಂಡದ್ದು ತಾಳಮದ್ದಲೆಗಾಗಿ, ಅಂದರೆ ವೇಷ, ಕುಣಿತಗಳಿಲ್ಲದೆ ಕುಳಿತೇ ನಡೆಸುವ ಯಕ್ಷಗಾನಕ್ಕಾಗಿ. ಮಳೆಗಾಲ ಹಿಡಿದರೆ ತೀರ್ಥಹಳ್ಳಿ, ಹೊಸನಗರ, ಸಾಗರದ ಕಡೆ ಮನೆಯ ಜಗಲಿಯಲ್ಲೇ ಕೂಟ ನಡೆಯುತ್ತದೆ. ಹಾಡುವ ಪದ್ಯಗಳು ಪುಸ್ತಕದಲ್ಲಿರುತ್ತವೆ, ಅವುಗಳ ಮೇಲೆ ಆಡುವ ಮಾತು, ಅಂದರೆ ‘ಅರ್ಥ’, ಇರುವುದಿಲ್ಲ. ಪಾತ್ರವಾಗಿ ಮಾತಾಡುವ ಅರ್ಥಧಾರಿ ಆ ಹೊತ್ತಿಗೆ ಕಟ್ಟಿದ ಮಾತು ಅಲ್ಲಿಗೇ ಮುಗಿಯುತ್ತದೆ. ಅದನ್ನು ಉಳಿಸಲೇಬೇಕೆಂಬ ಹಂಬಲ ನನ್ನದು.

ಮೊಬೈಲಿನಿಂದ ಅದು ಆಗುತ್ತಿರಲಿಲ್ಲ. ಚೆಂಡೆ ಮೊಳಗಿದೊಡನೆ ಫೋನು ತಾನಾಗಿಯೇ ಧ್ವನಿಮಟ್ಟ ಇಳಿಸುತ್ತದೆ. ಪದ್ಯ ಮುಗಿದು ಅರ್ಥ ಶುರುವಾದಾಗ ಮೊದಲ ಮಾತುಗಳು ಬಾವಿಯೊಳಗಿಂದ ಬಂದಂತೆ ಕೇಳುತ್ತವೆ. ಹಳೆಯ ರೆಕಾರ್ಡರುಗಳಲ್ಲಿ ಮಟ್ಟವನ್ನು ನಾವೇ ಹೊಂದಿಸಬೇಕಿತ್ತು. ಚೆಂಡೆಗೆ ಹೊಂದಿಸಿದರೆ ಮಾತು ಮುಳುಗುತ್ತಿತ್ತು, ಮಾತಿಗೆ ಹೊಂದಿಸಿದರೆ ಚೆಂಡೆಯ ಸದ್ದು ಒಡೆದು ಕೇಳುತ್ತಿತ್ತು.

ಎಚ್1 ಎಸೆನ್ಷಿಯಲ್‌ನಲ್ಲಿ ಮಟ್ಟ ಹೊಂದಿಸುವ ಗೊಡವೆಯೇ ಇಲ್ಲ. 32 ಬಿಟ್ ಫ್ಲೋಟ್ ವಿಧಾನದಲ್ಲಿ ಪಿಸುಮಾತೂ ಆರ್ಭಟವೂ ಒಂದೇ ಕಡತದಲ್ಲಿ ಹಿಡಿಸುತ್ತವೆ. ಮನೆಗೆ ಬಂದು ಅಡಾಸಿಟಿ ತಂತ್ರಾಂಶದಲ್ಲಿ ತೆರೆದು, ಬಾಣ ತಗುಲಿ ಬಿದ್ದ ವಾಲಿ ರಾಮನನ್ನು ಮೆಲುದನಿಯಲ್ಲಿ ಪ್ರಶ್ನಿಸುವ ಭಾಗದ ಧ್ವನಿಮಟ್ಟವನ್ನು ಏರಿಸುತ್ತೇನೆ. ಅರ್ಥಧಾರಿ ಎಲ್ಲಿ ಉಸಿರು ತೆಗೆದುಕೊಂಡರು, ಎಲ್ಲಿ ತಡೆದರು ಎಂಬುದೆಲ್ಲ ಸಿಗುತ್ತದೆ. ಆವೇಶದ ಹಾಡಾದ ಏರುಪದದ ಚೆಂಡೆಯನ್ನು ತಗ್ಗಿಸಿದರೆ ಅದೂ ಇಡಿಯಾಗಿಯೇ ಇರುತ್ತದೆ. ಇಷ್ಟಕ್ಕಾಗಿಯೇ ಇದನ್ನು ಕೊಳ್ಳಬಹುದು ಎಂದು ಧೈರ್ಯವಾಗಿ ಹೇಳುತ್ತೇನೆ.

ಆದರೆ ಫ್ಲೋಟ್ ಎಲ್ಲವನ್ನೂ ಕಾಯುವುದಿಲ್ಲ. ಮೈಕ್ ತಾಳಿಕೊಳ್ಳುವ ಸದ್ದಿಗೆ 120 ಡೆಸಿಬಲ್ ಎಂಬ ಮಿತಿಯಿದೆ. ಚೆಂಡೆಯ ಮಗ್ಗುಲಲ್ಲೇ ಇಟ್ಟು, ಮೈಕಿನಲ್ಲೇ ಒಡೆದ ಸದ್ದನ್ನು ಯಾವ ತಂತ್ರಾಂಶವೂ ಸರಿಪಡಿಸದು. ತಗಡಿನ ಮಾಡಿನ ಮೇಲೆ ಸುರಿಯುವ ಮಳೆಯೂ ಮಾತಿನಷ್ಟೇ ನಿಚ್ಚಳವಾಗಿ ದಾಖಲಾಗುತ್ತದೆ, ಆಮೇಲೆ ಬೇರ್ಪಡಿಸುವುದು ಬಹಳ ಕಷ್ಟ. ಹಾಗಾಗಿ ಜಾಗ ನೋಡುವ ಕೆಲಸ ಈಗಲೂ ನಮ್ಮದೇ. ನಾನು ಸಣ್ಣ ಸ್ಟ್ಯಾಂಡಿನ ಮೇಲೆ, ಅರ್ಥಧಾರಿಗಳ ಎದುರಿಗೆ, ಹಾಡು, ವಾದ್ಯಗಳ ಹಿಮ್ಮೇಳದಿಂದ ಆದಷ್ಟು ದೂರ ಇಡುತ್ತೇನೆ. ಇಷ್ಟು ಹಗುರವಾದ ಯಾವ ಧ್ವನಿಮುದ್ರಕವನ್ನೂ ಕೈಯಲ್ಲಿ ಹಿಡಿದು ಕೂರಬಾರದು, ಬೆರಳು ಸರಿದರೂ ಕೇಳುತ್ತದೆ.

ವಿದ್ಯುತ್ ಪದೇಪದೇ ಕೈಕೊಡುವ ನಮ್ಮ ಕಡೆ ಇದು ಎರಡು ಎಎಎ ಸೆಲ್‌ಗಳಲ್ಲಿ ನಡೆಯುವುದು ದೊಡ್ಡ ಅನುಕೂಲ. ಮಳೆಗಾಲದಲ್ಲಿ ಸಿಲಿಕಾ ಜೆಲ್ ಹಾಕಿದ ಬಿಗಿ ಡಬ್ಬಿಯಲ್ಲಿಡುತ್ತೇನೆ.

ಕಡತಗಳು ದೊಡ್ಡವು. 48 ಕಿಲೋಹರ್ಟ್ಸ್ ಸ್ಟೀರಿಯೊದಲ್ಲಿ ಗಂಟೆಗೆ ಸುಮಾರು 1.4 ಜಿಬಿ. ಕೆಲವು ಫೋನುಗಳಲ್ಲಿ ಅವು ತೆರೆಯುವುದೂ ಇಲ್ಲ. ಅದಕ್ಕೇ ಅರ್ಥಧಾರಿಗಳಿಗೆ ಎಂಪಿ3 ಮಾಡಿ ಕಳುಹಿಸುತ್ತೇನೆ, ಮೂಲವನ್ನು ಎರಡು ಹಾರ್ಡ್ ಡಿಸ್ಕ್‌ಗಳಲ್ಲಿ ಇಡುತ್ತೇನೆ.