ಮೌತ್ ಮ್ಯೂಸಿಕ್: 14 ವರ್ಷ ಕೇಳಿದ ಮೇಲೆ

2011ರ ನವೆಂಬರಿನಲ್ಲಿ, ಎಡಿನ್‌ಬರೋಗೆ ಬಂದ ಹೊಸತರಲ್ಲಿ, ಲೀತ್ ಬಡಾವಣೆಯ ಹಳೆಯ ಸಾಮಾನಿನ ಅಂಗಡಿಯೊಂದರಲ್ಲಿ ‘ಮೌತ್ ಮ್ಯೂಸಿಕ್’ ಎಂಬ ಈ ಹಾಡುಗಳ ಸಿ.ಡಿ.ಯನ್ನು ಒಂದು ಪೌಂಡಿಗೆ ಕೊಂಡೆ. ಡಬ್ಬಿ ಬಿರುಕು ಬಿಟ್ಟಿತ್ತು. ಒಳಗೆ ಇರಬೇಕಾಗಿದ್ದ ಪುಸ್ತಿಕೆ ಯಾರದೋ ಮನೆಯಲ್ಲಿ ಉಳಿದುಹೋಗಿತ್ತು. ಹಾಡಿದವರು ಯಾರು, ಯಾವ ಭಾಷೆ, ಏನರ್ಥ, ಒಂದೂ ತಿಳಿಯದೆ ಕೇಳಲು ಆರಂಭಿಸಿದೆ. ಅಂದಿನಿಂದ ಇಂದಿನವರೆಗೆ ಇದನ್ನು ಕೇಳದ ತಿಂಗಳು ನನಗೆ ನೆನಪಿಲ್ಲ. ಇಷ್ಟು ವರ್ಷ ಜೊತೆಗಿದ್ದ ವಸ್ತುವಿನ ಬಗ್ಗೆ ಬರೆಯುವುದು ನನ್ನ ಪಾಲಿಗೆ ಸಾಲ ತೀರಿಸಿದಂತೆ.

ಮೌತ್ ಮ್ಯೂಸಿಕ್ ಎಂಬುದು ಮೊದಲಿಗೆ ಇಬ್ಬರ ಜೋಡಿ. ಅನೇಕ ವಾದ್ಯಗಳನ್ನು ನುಡಿಸುವ ಮಾರ್ಟಿನ್ ಸ್ವಾನ್ ಒಬ್ಬರು. ಅಮೆರಿಕದಲ್ಲಿ ಹುಟ್ಟಿ, ಸ್ಕಾಟ್ಲೆಂಡಿನ ಹಳೆಯ ಭಾಷೆಯಾದ ಗೇಲಿಕ್‌ನ ಹಾಡುಗಳನ್ನು ಮನಸಾರೆ ಕಲಿತ ಗಾಯಕಿ ಟಲಿತಾ ಮ್ಯಾಕೆಂಜಿ ಇನ್ನೊಬ್ಬರು. ತಮ್ಮ ಹೆಸರನ್ನೇ ಇಟ್ಟು ಅವರು ಈ ಆಲ್ಬಮ್ಮನ್ನು ಹೊರತಂದದ್ದು 1990ರಲ್ಲಿ. ಸಿಂಥಸೈಜರ್, ಯಂತ್ರದ ಲಯ, ಆಫ್ರಿಕದ ತಾಳವಾದ್ಯಗಳು, ಅವುಗಳ ನಡುವೆ ನೂರಾರು ವರ್ಷಗಳಿಂದ ಬಾಯಿಂದ ಬಾಯಿಗೆ ಬಂದ ಗೇಲಿಕ್ ಹಾಡುಗಳು. ಬರೆದು ನೋಡಿದರೆ ಹೊಂದದ ಸಂಬಂಧದಂತೆ ಕಾಣುತ್ತದೆ. ಕೇಳಿದರೆ ಹಾಗಿಲ್ಲ. ಯಾಕಿಲ್ಲ ಎಂದು ಅರ್ಥವಾಗಲು ನನಗೆ ಸುಮಾರು ಮೂರು ವರ್ಷ ಹಿಡಿಯಿತು.

ಮೊದಲ ವರ್ಷ ನಾನು ಕೇಳಿದ್ದು ಡ್ರಮ್ಮನ್ನು ಮಾತ್ರ. ಬೆಳಗ್ಗೆ 22ನೇ ನಂಬರಿನ ಬಸ್ಸಿನಲ್ಲಿ ಕಚೇರಿಗೆ ಹೋಗುವಾಗ ಕಿವಿಗೆ ಇಯರ್‌ಫೋನ್ ಹಾಕಿಕೊಂಡರೆ ‘ಬ್ರತಾಖ್ ಬಾನಾ’ ಎಂಬ ಹಾಡಿನ ಬಡಿತ ನಿದ್ದೆಯನ್ನು ಒದ್ದೋಡಿಸುತ್ತಿತ್ತು. ಆ ಹೆಸರಿಗೆ ಬಿಳಿಯ ಬಾವುಟ ಎಂಬ ಅರ್ಥವಿದೆ ಎಂದೂ ಆಗ ಗೊತ್ತಿರಲಿಲ್ಲ. ದನಿ ನನಗೆ ಇನ್ನೊಂದು ವಾದ್ಯವಾಗಿತ್ತು, ಅಷ್ಟೇ. ಅರ್ಥ ತಿಳಿಯಬೇಕೆಂಬ ಹಟದಿಂದ ಎರಡನೆಯ ಚಳಿಗಾಲದಲ್ಲಿ ಗೇಲಿಕ್ ಸಂಜೆ ತರಗತಿಗೆ ಸೇರಿದೆ.

ಪುಸ್ತಿಕೆ ಕಳೆದುಹೋದದ್ದು ಒಳ್ಳೆಯದೇ ಆಯಿತು. ಅದು ಕೈಯಲ್ಲಿದ್ದಿದ್ದರೆ ನಾನು ಆ ತರಗತಿಯ ಬಾಗಿಲು ತಟ್ಟುತ್ತಿರಲಿಲ್ಲ. ಅಲ್ಲಿ ತಿಳಿದದ್ದು ಇಷ್ಟು: ಗೇಲಿಕ್ ನಾಡಿನಲ್ಲಿ ‘ಪುರ್ಷ್ಟ್ ಅ ಬೀಯಲ್’ ಎಂಬ ಒಂದು ಪ್ರಕಾರವಿದೆ. ಬಾಯಿಂದ ಹೊರಡುವ ಮಟ್ಟುಗಳು ಎಂದು ಅರ್ಥ. ಈ ಜೋಡಿಯ ಇಂಗ್ಲಿಷ್ ಹೆಸರು ಅದರಿಂದಲೇ ಬಂದದ್ದು. ವಾದ್ಯ ಇಲ್ಲದ ಕಡೆ ಜನರನ್ನು ಕುಣಿಸಲು ಹಾಡಿದ ಮಟ್ಟುಗಳು ಇವು. ರೀಲ್, ಜಿಗ್, ಸ್ಟ್ರಾತ್‌ಸ್ಪೇ ಎಂಬ ಕುಣಿತಗಳ ನಡೆಗೆ ತಕ್ಕಂತೆ ಪದಗಳನ್ನು ಆರಿಸಿರುತ್ತಾರೆ. ಅರ್ಥ ಹಿಂದೆ, ಲಯ ಮುಂದೆ. ಸ್ಕಾಟ್ಲೆಂಡಿನ ದಂಗೆಯ ಬಳಿಕ ಬ್ರಿಟಿಷ್ ಸರ್ಕಾರ ತಂದ 1746ರ ಕಾಯ್ದೆ ಬ್ಯಾಗ್‌ಪೈಪ್ ಎಂಬ ಚೀಲದ ಊದುವಾದ್ಯವನ್ನು ನಿಷೇಧಿಸಿದ್ದರಿಂದ ಇವು ಹುಟ್ಟಿದವು ಎಂಬ ಕಥೆಯನ್ನು ಪ್ರವಾಸಿಗರಿಗೆ ಈಗಲೂ ಹೇಳುತ್ತಾರೆ. ಆ ಕಾಯ್ದೆಯಲ್ಲಿ ಬ್ಯಾಗ್‌ಪೈಪಿನ ಹೆಸರೇ ಇಲ್ಲ. ಎಲ್ಲ ಮನೆಯಲ್ಲೂ ಪಿಟೀಲು ಇರುವುದಿಲ್ಲ, ಬಾಯಿ ಇರುತ್ತದೆ. ಇಷ್ಟು ಕಾರಣ ನನಗೆ ಸಾಕು.

ತರಗತಿಗೆ ಲೂಯಿಸ್ ದ್ವೀಪದ ಹಿರಿಯ ಮಹಿಳೆಯೊಬ್ಬರು ಬರುತ್ತಿದ್ದರು. ಬಾಲ್ಯದ ಭಾಷೆಯನ್ನು ಓದಲು, ಬರೆಯಲು ಕಲಿಯಬೇಕೆಂಬುದು ಅವರ ಆಸೆ. ಅವರ ಶಾಲೆಯಲ್ಲಿ ಅದನ್ನು ಕಲಿಸಿರಲಿಲ್ಲ. ಒಂದು ದಿನ ಚಹಾದ ವಿರಾಮದಲ್ಲಿ ಈ ಆಲ್ಬಮ್ಮಿನ ‘ಕೋ ನೀ ಮಿರ ರಿಯುಮ್’ ಕೇಳಿಸಿದೆ. ನನ್ನೊಡನೆ ಚೆಲ್ಲಾಟವಾಡುವವರು ಯಾರು ಎಂದು ಕೇಳುವ ಹಾಡು. ಅವರು ಕಣ್ಣು ಮುಚ್ಚಿ ಮೇಜಿನ ಮೇಲೆ ಬೆರಳು ಬಡಿಯತೊಡಗಿದರು. ಆದರೆ ಯಂತ್ರ ಹೊಡೆದ ಕಡೆ ಅವರ ಬೆರಳು ಬೀಳುತ್ತಿರಲಿಲ್ಲ. ಟಲಿತಾ ಅವರ ನಾಲಿಗೆ ಹೊಡೆದ ಕಡೆ ಬೀಳುತ್ತಿತ್ತು. ‘ಡ್ರಮ್ಮು ಬಂದಿದೆ, ಬರಲಿ. ಕುಣಿಸುತ್ತಿರುವುದು ಹುಡುಗಿ’ ಎಂದರು. ಅಲ್ಲಿಂದ ಮುಂದೆ ಈ ಆಲ್ಬಮ್ ನನ್ನ ಕಿವಿಯಲ್ಲಿ ತಲೆಕೆಳಗಾಯಿತು. ಹಳೆಯ ಹಾಡಿಗೆ ನೃತ್ಯದ ಲಯ ಹೊರಗಿನಿಂದ ಬಂತು ಎಂದುಕೊಂಡಿದ್ದೆ. ಕುಣಿತ ಹಾಡಿನೊಳಗೇ ಇತ್ತು. ವ್ಯಂಜನಗಳು ಒಂದಕ್ಕೊಂದು ತಾಗುವ ಸದ್ದಿನಲ್ಲಿತ್ತು. ಯಂತ್ರ ಅದರ ಪಕ್ಕಕ್ಕೆ ಬಂದು ಕೂತಿದೆ.

ಎಲ್ಲವೂ ಕುಣಿತದ ಹಾಡಲ್ಲ. ‘ಮೀಲ ಮರವಾಷ್ಕ್’ ಎಂದು ಆರಂಭವಾಗುವ ಹಾಡು ಪ್ರೀತಿಗೆ ಸಾವಿರ ಶಾಪ ಹಾಕುತ್ತದೆ. ಆ ಶಾಪದ ಪದದೊಳಗೆ ಹೆಣಕ್ಕೆ ಹೊದಿಸುವ ಬಟ್ಟೆ ಅಡಗಿದೆ ಎಂದು ಮೇಷ್ಟ್ರು ಬಿಡಿಸಿ ಹೇಳಿದಾಗ ಮೈ ಜುಮ್ಮೆಂದಿತು. ಇನ್ನೊಂದು ‘ಖೀ ಮೀ ನ ಮೋರ್‌ವೆನ್ನ’. ನಾನು ದೊಡ್ಡ ಬೆಟ್ಟಗಳನ್ನು ಕಾಣುತ್ತೇನೆ ಎಂದು ಅರ್ಥ. ಹುಟ್ಟೂರಿಗೆ ಮರಳುವ ಹಂಬಲದ 19ನೇ ಶತಮಾನದ ಹಾಡು. ಇಲ್ಲಿ ಅದನ್ನು ನಿಧಾನವಾಗಿ, ಸಿಂಥಸೈಜರಿನ ನೀಳ ಸ್ವರಗಳ ಮೇಲೆ ಹರಿಯಬಿಟ್ಟಿದ್ದಾರೆ. ಉಲ್ಲಾಪೂಲ್ ಬಂದರಿನಿಂದ ಲೂಯಿಸ್ ದ್ವೀಪದ ಸ್ಟೋರ್ನೊವೇಗೆ ಹೋಗುವ ಹಡಗಿನ ಮೇಲ್ಮಹಡಿಯಲ್ಲಿ ನಿಂತು, ಹಿಂದಕ್ಕೆ ಸರಿಯುವ ಬೆಟ್ಟಗಳನ್ನು ನೋಡುತ್ತಾ ಒಮ್ಮೆ ಇದನ್ನು ಕೇಳಿದ್ದೇನೆ. ಇದಕ್ಕಿಂತ ಹೆಚ್ಚು ಹೇಳಲು ನನ್ನಿಂದ ಆಗದು.

ಸ್ಕಾಟ್ಲೆಂಡಿನ ಪಶ್ಚಿಮ ಕಡಲಿನ ಹೆಬ್ರಿಡೀಸ್ ದ್ವೀಪಗಳ ಹೆಂಗಸರು ಉಣ್ಣೆಯ ಬಟ್ಟೆ ಬಡಿಯುವಾಗ ಹಾಡುತ್ತಿದ್ದ ಪದಗಳ ಜಾಡು ಹಿಡಿದದ್ದೂ ಈ ಆಲ್ಬಮ್ಮಿನಿಂದಲೇ. ಹೊಸದಾಗಿ ನೇಯ್ದ ಬಟ್ಟೆಯನ್ನು ಹಳಸಿದ ಮೂತ್ರದಲ್ಲಿ ನೆನೆಸಿ, ಉದ್ದನೆಯ ಹಲಗೆಯ ಸುತ್ತ ಕೂತು, ಅದು ಬಿಗಿಯಾಗಿ ಮಂದವಾಗುವವರೆಗೆ ಗಂಟೆಗಟ್ಟಲೆ ಬಡಿಯುತ್ತಿದ್ದರು. ಒಬ್ಬಳು ಸಾಲು ಎತ್ತುತ್ತಾಳೆ, ಉಳಿದವರು ಅರ್ಥವಿಲ್ಲದ ಅಕ್ಷರಗಳ ಪಲ್ಲವಿಯನ್ನು ಹೇಳುತ್ತಾರೆ. ಅಂಥದೊಂದನ್ನು ಕುಣಿಗಲ್ಲಿನಲ್ಲಿರುವ ಅಮ್ಮನಿಗೆ ಫೋನಿನಲ್ಲಿ ಕೇಳಿಸಿದ್ದೆ. ಅಮ್ಮ ಯಾವ ಭಾಷೆ ಎಂದು ಕೇಳಲೇ ಇಲ್ಲ. ‘ಏನು ಬೀಸುತ್ತಿದ್ದಾರೆ?’ ಎಂದರು. ಬೀಸುಕಲ್ಲಿನ ಮುಂದೆ ಕೂತು ರಾಗಿ ಬೀಸುತ್ತಾ ಹಾಡಿದವರ ಮಗಳು ಆಕೆ.

ಕೊರತೆಗಳನ್ನೂ ಹೇಳಬೇಕು. ಸಿಂಥಸೈಜರಿನ ಕೆಲವು ನಾದಗಳಿಗೆ ವಯಸ್ಸಾಗಿದೆ. 1990ರ ಆಸುಪಾಸಿನ ದೂರದರ್ಶನ ಕಾರ್ಯಕ್ರಮಗಳ ಶೀರ್ಷಿಕೆಯ ಸಂಗೀತ ನೆನಪಾಗುವಂತಿವೆ. ಆ ಕಾಲದಲ್ಲಿ ಅವು ಎಷ್ಟು ಹೊಸದಾಗಿ ಕೇಳಿಸಿದ್ದವೋ ಅಷ್ಟೇ ಬೇಗ ಹಳತಾಗಿವೆ. ಎರಡನೆಯದು ಇನ್ನೂ ಮುಖ್ಯ. ಸ್ಕಾಟಿಷ್ ಮಟ್ಟುಗಳಲ್ಲಿ ಗಿಡ್ಡ ಸ್ವರವೊಂದು ಮೊದಲು ಬಿದ್ದು ನೀಳ ಸ್ವರಕ್ಕೆ ಚಿಮ್ಮುವ ಒಂದು ಸೆಳೆತವಿದೆ. ಅದು ಹಾಡುವವರ ಉಸಿರಿಗೆ ತಕ್ಕಂತೆ ಹಿಗ್ಗುತ್ತದೆ, ಕುಗ್ಗುತ್ತದೆ. ಯಂತ್ರಕ್ಕೆ ಉಸಿರಿಲ್ಲ. ಕೆಲವೆಡೆ ಅದು ಗೆರೆ ಎಳೆದಂತೆ ಹೊಡೆಯುವುದರಿಂದ ಆ ಚಿಮ್ಮು ಮಂಕಾಗುತ್ತದೆ. ಕೈಯಲ್ಲಿ ಬಾರಿಸಿದ ತಾಳವಾದ್ಯ ಬರುವ ಕಡೆ ಈ ತೊಂದರೆ ಇಲ್ಲ. ಆದ್ದರಿಂದ ಐದಕ್ಕೆ ನಾಲ್ಕೂವರೆ ಕೊಡುತ್ತೇನೆ. ಕಳೆದ ಆ ಅರ್ಧ ಯಂತ್ರದ್ದು. ದನಿಯಿಂದ ನಾನು ಏನನ್ನೂ ಕಳೆಯಲಾರೆ.

ಕೇಳುವವರಿಗೆ ಒಂದು ಮಾತು. ಮೊಬೈಲಿನ ಸ್ಪೀಕರಿನಲ್ಲಿ ಕೇಳಬೇಡಿ. ಕೆಳಸ್ಥಾಯಿ ಪೂರಾ ಮಾಯವಾಗಿ ಹಾಡುಗಳು ಬಡವಾಗುತ್ತವೆ.

ಟಲಿತಾ ಜೋಡಿಯನ್ನು ಬಿಟ್ಟು ‘ಸೋಲಸ್’ ಮುಂತಾದ ತಮ್ಮದೇ ಆಲ್ಬಮ್‌ಗಳನ್ನು ಮಾಡಿದರು. ಸ್ವಾನ್ ಅದೇ ಹೆಸರನ್ನು ಮುಂದುವರಿಸಿ, ಜ್ಯಾಕಿ ಜಾಯ್ಸ್ ಅವರ ದನಿಯೊಡನೆ 1993ರಲ್ಲಿ ‘ಮೊ-ಡಿ’ ತಂದರು. ಅದರಲ್ಲಿ ಇಂಗ್ಲಿಷ್ ಹಾಡುಗಳೂ ಸೇರಿದವು, ನೃತ್ಯದ ಲಯ ದಟ್ಟವಾಯಿತು. ಚೆನ್ನಾಗಿದೆ, ಆದರೆ ನನಗೆ ಬೇಕಾದದ್ದು ಅಲ್ಲಿ ಕಡಿಮೆ. ಈ ದಾರಿಯಲ್ಲಿ ಈಗ ಸ್ಕೈ ದ್ವೀಪದ ಹುಡುಗರೇ ನಡೆಯುತ್ತಿದ್ದಾರೆ. ಅಲ್ಲಿನ ಒಂದು ಹಳ್ಳಿಯ ಹೆಸರನ್ನೇ ಇಟ್ಟುಕೊಂಡಿರುವ ವಾಲ್ಟೋಸ್ ಎಂಬ ಜೋಡಿಯ ಮೊದಲ ಆಲ್ಬಮ್ 2022ರಲ್ಲಿ ಬಂದಿತು. ಅವರ ಯಂತ್ರ ನುಣುಪಾಗಿದೆ, ಬಡಿತಕ್ಕೆ ಬಲ ಹೆಚ್ಚು. ಅದೇ 2022ರ ಜನಗಣತಿಯಲ್ಲಿ ಸ್ಕಾಟ್ಲೆಂಡಿನ 1,30,161 ಜನ ತಮಗೆ ಗೇಲಿಕ್ ಒಂದಿಷ್ಟಾದರೂ ಬರುತ್ತದೆ ಎಂದು ಬರೆಸಿದರು. ಹಿಂದಿನ ಗಣತಿಗಿಂತ ಇದು ಹೆಚ್ಚು. ಆದರೆ ಭಾಷೆಯ ತವರಾದ ಹೊರ ಹೆಬ್ರಿಡೀಸ್‌ನಲ್ಲಿ ಆಡುವವರು ಅರ್ಧಕ್ಕಿಂತ ಕೆಳಗಿಳಿದಿದ್ದಾರೆ. ನಗರದಲ್ಲಿ ಏರುವುದು, ಮನೆಯಲ್ಲಿ ಇಳಿಯುವುದು. ಈ ಅಂಕಿಗಳನ್ನು ಓದಿದ ದಿನ ತರಗತಿಯ ಆ ಹಿರಿಯರ ಬೆರಳುಗಳು ನೆನಪಾದವು.

ನನ್ನ ಸಿ.ಡಿ. ಈಗ ಸವೆದಿದೆ. ‘ಬ್ರತಾಖ್ ಬಾನಾ’ದ ನಡುವೆ ಒಂದು ಕಡೆ ತೊದಲಿ, ಎರಡು ಕ್ಷಣ ಸುಮ್ಮನಾಗಿ, ಮುಂದಿನ ಸಾಲಿಗೆ ಹಾರುತ್ತದೆ. ಹೊಸದನ್ನು ಕೊಳ್ಳಬಹುದಿತ್ತು. ಆದರೆ ಕಾರಿನ ಹಿಂದಿನ ಸೀಟಿನಲ್ಲಿ ಕೂರುವ ನನ್ನ ಏಳು ವರ್ಷದ ಮಗಳು ಆ ಎರಡು ಕ್ಷಣ ನಿಲ್ಲುವುದಿಲ್ಲ. ಕಾಲಿನಿಂದ ಸೀಟನ್ನು ಒದೆಯುತ್ತಾ, ತಪ್ಪಿಹೋದ ಅಕ್ಷರಗಳನ್ನು ಬಾಯಲ್ಲೇ ತುಂಬಿ, ಯಂತ್ರ ಮರಳುವ ಹೊತ್ತಿಗೆ ಸರಿಯಾಗಿ ಅದರ ಜೊತೆಗಿರುತ್ತಾಳೆ.