‘ಖಾಯಂ ಮಾಡಿಸ್ತೀವಿ’ ಅನ್ನೋರ ಕೈಗೆ ಒರಿಜಿನಲ್ ಕಾಗದ ಕೊಡಬೇಡಿ

ಹೊರಗುತ್ತಿಗೆಯಲ್ಲಿರೋ ಡಾಟಾ ಎಂಟ್ರಿ ಆಪರೇಟರ್, ಡ್ರೈವರ್, ಗ್ರೂಪ್ ಡಿ ಎಲ್ಲರೂ ಓದಿ. ಕೆಲಸ ಖಾಯಂ ಮಾಡಿಸ್ತೀನಿ ಅಂತ ನಂಬಿಸಿ, ನಮ್ಮ ಕಚೇರಿಯ ಹೊರಗುತ್ತಿಗೆಯವರ ಹತ್ತಿರ ‘ಫೈಲ್ ಖರ್ಚು’ ಅಂತ ತಲೆಗೆ 40 ಸಾವಿರ ವಸೂಲಿ ಮಾಡಿಕೊಂಡು ಹೋಗಿದ್ದಾನೆ ಒಬ್ಬ. ನೌಕರರ ಮುಖಂಡನಂತೆ, ಬಾಯಿ ತೆರೆದರೆ ವಿಧಾನಸೌಧ. ದುಡ್ಡು ಹಾಳಾಗಿ ಹೋಗಲಿ. ಹಾಜರಾತಿ ಕಾಗದ, ಹಳೇ ಏಜೆನ್ಸಿಗಳ ನೇಮಕ ಪತ್ರ, ವೇತನ ಚೀಟಿ ಎಲ್ಲಾ ಒರಿಜಿನಲ್ಲೇ ಇಸ್ಕೊಂಡು ಹೋದ. ಮೈ ಉರಿಯೋದು ಅದಕ್ಕೆ.

ಅವನು ತೋರಿಸಿದ ‘ಸರ್ಕಾರಿ ಆದೇಶ’ದ ಮೇಲೆ ಗಂಡಭೇರುಂಡ ಇತ್ತು, ಕೆಳಗೆ ಸೀಲು ಇತ್ತು. ‘ಕರ್ನಾಟಕ ರಾಜ್ಯಪಾಲರ ಆದೇಶಾನುಸಾರ ಮತ್ತು ಅವರ ಹೆಸರಿನಲ್ಲಿ’ ಅನ್ನೋ ಸಾಲೇ ಇರಲಿಲ್ಲ. ಆರ್ಥಿಕ ಇಲಾಖೆ ಸಹಮತಿಯ ಟಿಪ್ಪಣಿ ಸಂಖ್ಯೆ ಇಲ್ಲ, ಪ್ರತಿಗಳ ಪಟ್ಟಿಯಲ್ಲಿ ಮಹಾಲೇಖಪಾಲರು (ಸರ್ಕಾರದ ಲೆಕ್ಕ ನೋಡೋರು) ಇಲ್ಲ. ಸಂಬಳದ ಹೊರೆ ಬೀಳೋ ಆದೇಶ ಆರ್ಥಿಕ ಇಲಾಖೆ ದಾಟದೆ ಹೊರಬೀಳುತ್ತಾ? ಕಚೇರಿಯಲ್ಲಿ ದಿನಾ ಇಂಥ ಆದೇಶ ಟೈಪ್ ಮಾಡೋರೇ ಇದನ್ನು ನಂಬಿದ್ದು!

ಇನ್ನು ಉಮಾದೇವಿ ತೀರ್ಪು, ಅಂದರೆ ಹಂಗಾಮಿ ನೌಕರರನ್ನ ಖಾಯಂ ಮಾಡೋ ಬಗ್ಗೆ ಸುಪ್ರೀಂ ಕೋರ್ಟ್ ಕೊಟ್ಟ ತೀರ್ಪು. 2006ರ ಏಪ್ರಿಲ್ 10ರದ್ದು, ನಮ್ಮ ರಾಜ್ಯದ್ದೇ ಕೇಸು. 53ನೇ ಪ್ಯಾರಾದಲ್ಲಿ ‘ಹತ್ತು ವರ್ಷ’ ದುಡಿದಿರಬೇಕು ಅನ್ನೋದಕ್ಕೆ ಮಾತ್ರ ಹಳದಿ ಗೆರೆ ಎಳೆದು ತಂದಿದ್ದ. ಅದೇ ಪ್ಯಾರಾದಲ್ಲಿ ಮಂಜೂರಾದ ಖಾಲಿ ಹುದ್ದೆ ಇರಬೇಕು, ಹುದ್ದೆಗೆ ತಕ್ಕ ವಿದ್ಯಾರ್ಹತೆ ಇರಬೇಕು, ಕೋರ್ಟ್ ಆದೇಶದ ಆಸರೆ ಇಲ್ಲದೆ ದುಡಿದಿರಬೇಕು, ಇದು ಒಂದೇ ಸಲದ ಕ್ರಮ ಅಂತಲೂ ಇದೆ. ಅದನ್ನ ಯಾಕೆ ಓದಿ ಹೇಳಲಿಲ್ಲ? 2024ರ ಡಿಸೆಂಬರ್ 20ರ ಜಗ್ಗೋ ತೀರ್ಪನ್ನೂ ವಾಟ್ಸಾಪಲ್ಲಿ ಹರಿಬಿಟ್ಟ. ವರ್ಷಾನುಗಟ್ಟಲೆ ದುಡಿದವರನ್ನ ಹೊರಗಿಡೋಕೆ ಉಮಾದೇವಿಯನ್ನ ನೆಪ ಮಾಡಬೇಡಿ ಅಂತ ಸುಪ್ರೀಂ ಕೋರ್ಟ್ ಹೇಳಿದ್ದು ನಿಜ. ಆದರೆ ಅಲ್ಲಿ ಗೆದ್ದವರನ್ನ ಕೇಂದ್ರ ಜಲ ಆಯೋಗವೇ ನೇರವಾಗಿ ಇಟ್ಟುಕೊಂಡಿತ್ತು. ನಮ್ಮದರಲ್ಲಿ ಕಾಗದದ ಮೇಲೆ ಮಾಲೀಕ ಏಜೆನ್ಸಿ. ಗುತ್ತಿಗೆ ಬರೀ ತೋರಿಕೆಯದು, ರಜೆ ಕೊಡೋದು, ಹಾಜರಿ ಹಾಕೋದು, ಕೆಲಸ ಹೇಳೋದು ಎಲ್ಲಾ ಇಲಾಖೆಯೇ ಅಂತ ಮೊದಲು ಸಾಬೀತು ಮಾಡಬೇಕು. ಸಾಬೀತು ಮಾಡೋ ಕಾಗದವನ್ನೇ ಅವನು ಹೊತ್ಕೊಂಡು ಹೋಗಿದ್ದಾನೆ!

ಕೇಳಿದಾಗೆಲ್ಲ ಒಂದೊಂದು ಉತ್ತರ. ‘ಫೈಲು ಎಫ್‌ಡಿಯಲ್ಲಿದೆ’ (ಆರ್ಥಿಕ ಇಲಾಖೆಯಲ್ಲಿ ಅಂತ). ‘ಅಧಿವೇಶನ ಮುಗೀಲಿ ತಡೀರಿ.’ ‘ನೀತಿ ಸಂಹಿತೆ ಬಂತಲ್ಲ, ನಾನೇನ್ ಮಾಡ್ಲಿ?’ ದುಡ್ಡು ವಾಪಸ್ ಕೇಳಿದ ಹುಡುಗಿಗೆ ಹೇಳಿದ್ದು ಕೇಳಿ: ‘ಲಂಚ ಕೊಟ್ಟೆ ಅಂತ ಪೊಲೀಸರಿಗೆ ಹೇಳ್ತೀಯೇನಮ್ಮಾ? ಹೇಳು. ಮೊದಲು ನಿನ್ನ ಕೆಲಸ ಹೋಗುತ್ತೆ.’ ಅಲ್ಲಿಗೆ ಎಲ್ಲರಿಗೂ ಅರ್ಥ ಆಯ್ತು. ಎಲ್ಲರ ಬಾಯಿಗೂ ಬೀಗ ಬಿತ್ತು. ಖಾಲಿ ಛಾಪಾ ಕಾಗದಕ್ಕೆ ಸಹಿ ಬೇರೆ ಹಾಕಿಸ್ಕೊಂಡಿದ್ದಾನಲ್ಲ.

ವಕೀಲರಾಗಲಿ ಸಂಘವಾಗಲಿ, ಜೆರಾಕ್ಸ್ ಕೊಡಿ, ರಸೀದಿ ಇಸ್ಕೊಳ್ಳಿ. ಇಪಿಎಫ್ (ಭವಿಷ್ಯ ನಿಧಿ) ಪಾಸ್‌ಬುಕ್ ಈಗಲೇ ಡೌನ್‌ಲೋಡ್ ಮಾಡಿ. ಟೆಂಡರ್ ಬದಲಾದಾಗ ಹೊಸ ಏಜೆನ್ಸಿ ಇಪಿಎಫ್‌ನಲ್ಲಿ ಹೊಸ ಮೆಂಬರ್ ಐಡಿ ತೆರೆಯುತ್ತೆ. ಹಳೆಯದು ಬಿಡುಗಡೆ ದಿನಾಂಕ ಹಾಕಿರುತ್ತೆ, ಹೊಸದು ತಿಂಗಳು ಬಿಟ್ಟು ಸೇರಿಸಿರುತ್ತೆ. ಆ ತಿಂಗಳು ನೀವು ದುಡಿದಿದ್ದರೂ ಸೇವೆ ನಡುವೆ ತುಂಡಾದ ಹಾಗೆಯೇ ಕಾಣುತ್ತೆ. ಅದನ್ನ ತುಂಬೋಕೆ ಕಚೇರಿ ಹಾಜರಾತಿ ಬೇಕು.

ಕಾಗದ ಕಳ್ಕೊಂಡವರು ಕಚೇರಿಗೇ ಮಾಹಿತಿ ಹಕ್ಕಿನ ಅರ್ಜಿ ಹಾಕಿ. 10 ರೂಪಾಯಿ ಪೋಸ್ಟಲ್ ಆರ್ಡರ್, ಒಂದೇ ವಿಷಯ, 150 ಪದದ ಒಳಗೆ. ಏಜೆನ್ಸಿ ಬಿಲ್ಲಿನ ಜೊತೆ ಲಗತ್ತಿಸಿರೋ ಹಾಜರಾತಿ ಮತ್ತು ಇಪಿಎಫ್ ಚಲನ್‌ನ ದೃಢೀಕೃತ ಪ್ರತಿ ಕೇಳಿ. ನಿಮ್ಮ ಹೆಸರಿನ ಮಟ್ಟಿಗೆ ಅಂತ ಬರೀರಿ, ಇಲ್ಲದಿದ್ದರೆ ಮೂರನೇ ವ್ಯಕ್ತಿಯ ಮಾಹಿತಿ ಅಂತ ವಾಪಸ್ ಎಸೀತಾರೆ. 30 ದಿನ ಕಳೆದರೂ ಉತ್ತರ ಇಲ್ಲವಾ, ಮೊದಲ ಮೇಲ್ಮನವಿ ಹಾಕಿ.