ಮಾತು ಬಂದ ಕಾಲದ ಮಾತಿಲ್ಲದ ಹಾಸ್ಯಗಾರ: ‘ದಿ ಕೊಕೊನಟ್ಸ್’ (1929)

ಜಮೀನಿನ ನಕ್ಷೆಯೊಂದನ್ನು ಹರಡಿಕೊಂಡು ಇಬ್ಬರು ವಾದಕ್ಕಿಳಿಯುವ ದೃಶ್ಯವೊಂದು ಈ ಚಿತ್ರದಲ್ಲಿದೆ. ಗಮನವಿಟ್ಟು ನೋಡಿದರೆ ಆ ನಕ್ಷೆ ಕಾಗದದಂತಿರದೆ, ಹಳ್ಳದಲ್ಲಿ ಅದ್ದಿ ಎತ್ತಿದ ಪಂಚೆಯಂತೆ ಜೋತುಬಿದ್ದಿರುವುದು ಕಾಣುತ್ತದೆ. 1929ರ ಮೈಕ್ರೊಫೋನಿಗೆ ಕಾಗದ ಮಡಚುವ ಸದ್ದು ಮಾತನ್ನೇ ಮುಚ್ಚುವಷ್ಟು ಜೋರಾಗಿ ಕೇಳಿಸುತ್ತಿದ್ದುದರಿಂದ, ಚಿತ್ರತಂಡದವರು ನಕ್ಷೆಯನ್ನು ನೀರಿನಲ್ಲಿ ನೆನೆಸಿಯೇ ನಟರ ಕೈಗೆ ಕೊಟ್ಟಿದ್ದರು. ಚಲನಚಿತ್ರ ಮಾತನಾಡಲು ಕಲಿಯುತ್ತಿದ್ದ ದಿನಗಳ ಪಾಡು ಎಂಥದಿತ್ತೆಂಬುದನ್ನು ಆ ಒದ್ದೆ ಕಾಗದದಷ್ಟು ಚೆನ್ನಾಗಿ ಬೇರೆ ಯಾವುದೂ ನನಗೆ ತಿಳಿಸಿಕೊಟ್ಟಿಲ್ಲ.

ಅಮೆರಿಕದ ಹಾಸ್ಯನಟರಾದ ಮಾರ್ಕ್ಸ್ ಸಹೋದರರು (ಗ್ರೌಚೊ, ಚಿಕೊ, ಹಾರ್ಪೊ, ಜೆಪ್ಪೊ) ತೆರೆಯ ಮೇಲೆ ಬಂದ ಮೊದಲ ಪೂರ್ಣಪ್ರಮಾಣದ ವಾಕ್ಚಿತ್ರವಿದು. ಮೂಲದಲ್ಲಿ ಇದು ರಂಗಭೂಮಿಯ ಸಂಗೀತ ಪ್ರಹಸನ. ಜಾರ್ಜ್ ಎಸ್. ಕಾಫ್‌ಮನ್ ಬರೆದು, ಇರ್ವಿಂಗ್ ಬರ್ಲಿನ್ ಹಾಡುಗಳನ್ನು ಕಟ್ಟಿಕೊಟ್ಟ ಈ ನಾಟಕ 1925ರ ಡಿಸೆಂಬರ್‌ನಲ್ಲಿ ನ್ಯೂಯಾರ್ಕಿನ ಬ್ರಾಡ್‌ವೇಯಲ್ಲಿ ಆರಂಭವಾಗಿ ಅಲ್ಲಿ 276 ಪ್ರದರ್ಶನಗಳನ್ನು ಕಂಡಿತು. ಪ್ಯಾರಾಮೌಂಟ್ ಸಂಸ್ಥೆ ಇದನ್ನು ಹಾಲಿವುಡ್‌ನಲ್ಲಿ ತೆಗೆಯದೆ ನ್ಯೂಯಾರ್ಕಿನ ಅಸ್ಟೋರಿಯಾ ಸ್ಟುಡಿಯೋದಲ್ಲಿ ತೆಗೆಯಿತು. ಏಕೆಂದರೆ ಸಹೋದರರು ಹಗಲು ಕ್ಯಾಮೆರಾದ ಮುಂದೆ ಈ ಆಟವನ್ನಾಡಿ, ರಾತ್ರಿ ಬ್ರಾಡ್‌ವೇಗೆ ಹೋಗಿ ತಮ್ಮ ಮುಂದಿನ ನಾಟಕವನ್ನು ಆಡಬೇಕಾಗಿತ್ತು. ನಮ್ಮಲ್ಲಿಯೂ ಇದೇ ದಾರಿಯಲ್ಲಿ, 1935ರಲ್ಲಿ, ಗುಬ್ಬಿ ಕಂಪನಿಯ ‘ಸದಾರಮೆ’ ರಂಗದಿಂದ ತೆರೆಗೆ ಬಂತು. ವೀರಣ್ಣನವರ ಕಳ್ಳನ ಪಾತ್ರದ ಬಗೆಗೆ ಹಿರಿಯರಿಂದ ಕೇಳುತ್ತಲೇ ಬೆಳೆದ ನನ್ನಂಥವರು ಈ ಅಮೆರಿಕನ್ ಚಿತ್ರವನ್ನು ಕಂಪನಿ ನಾಟಕದ ದೂರದ ನೆಂಟನೆಂದು ಭಾವಿಸಿ ನೋಡಬಹುದು.

ಕತೆ ತೆಳುವಾದದ್ದು. ಫ್ಲಾರಿಡಾದಲ್ಲಿ ಹ್ಯಾಮರ್ ಎಂಬಾತ ಗಿರಾಕಿಗಳಿಲ್ಲದ ಹೋಟೆಲೊಂದನ್ನು ನಡೆಸುತ್ತಿದ್ದಾನೆ. ಸಂಬಳ ಕೇಳಿದ ಕೆಲಸಗಾರರಿಗೆ, ಸಂಬಳ ತೆಗೆದುಕೊಂಡರೆ ನೀವು ಸಂಬಳದ ಗುಲಾಮರಾಗುತ್ತೀರಿ ಎಂದು ಉಪದೇಶ ಮಾಡಿ ಕಳುಹಿಸುತ್ತಾನೆ. ಶ್ರೀಮಂತ ಹೆಂಗಸೊಬ್ಬಳ ಹಾರ ಕಳುವಾಗುತ್ತದೆ, ಆಕೆಯ ಮಗಳನ್ನು ಪ್ರೀತಿಸುವ ಬಡ ಯುವಕ ಸೆರೆ ಸೇರುತ್ತಾನೆ, ಕೊನೆಗೆ ಬಿಡುಗಡೆಯಾಗುತ್ತಾನೆ. ಇದರಲ್ಲಿ ನಿಜವಾಗಿ ರಸ ತುಂಬಿರುವುದು ನಿವೇಶನಗಳ ಹರಾಜಿನ ಪ್ರಸಂಗದಲ್ಲಿ. 1920ರ ದಶಕದಲ್ಲಿ ಫ್ಲಾರಿಡಾದ ಜೌಗು ನೆಲವನ್ನೂ ಚಿನ್ನವೆಂದು ಮಾರಿದ ಜಮೀನಿನ ಹುಚ್ಚು ಇದರ ಹಿನ್ನೆಲೆ. ಬೆಲೆ ಏರಿಸಲೆಂದೇ ಹ್ಯಾಮರ್ ತನ್ನವನೊಬ್ಬನನ್ನು ಜನರ ನಡುವೆ ನಿಲ್ಲಿಸುತ್ತಾನೆ. ಅವನೋ ಕೂಗುವ ಕೆಲಸವನ್ನು ಎಷ್ಟು ನಿಷ್ಠೆಯಿಂದ ಮಾಡುತ್ತಾನೆಂದರೆ, ಬೇರೆ ಯಾರಿಗೂ ಬಿಡದೆ ತಾನೇ ಕೂಗಿ ಕೂಗಿ ನಿವೇಶನಗಳನ್ನು ತನ್ನ ಹೆಸರಿಗೆ ಮಾಡಿಕೊಳ್ಳುತ್ತಾನೆ. ಅಡಿಕೆ ಮಂಡಿಯ ವ್ಯಾಪಾರ ಕಂಡವರಿಗೆ, ಶಿವಮೊಗ್ಗದ ಸುತ್ತಲಿನ ಗದ್ದೆಗಳು ಬಡಾವಣೆಗಳಾದದ್ದನ್ನು ಕಣ್ಣೆದುರಿಗೇ ನೋಡಿದವರಿಗೆ, ಈ ಹಾಸ್ಯ ಎಲ್ಲಿ ಚುಚ್ಚುತ್ತದೆಂದು ವಿವರಿಸಬೇಕಾಗಿಲ್ಲ.

ಒದ್ದೆ ನಕ್ಷೆಯ ದೃಶ್ಯ ಹರಾಜಿಗೆ ಮುಂಚಿನದು. ಹ್ಯಾಮರ್ ಆಗಿರುವ ಗ್ರೌಚೊ ಸೇತುವೆಯೊಂದನ್ನು ತೋರಿಸಿ ‘ವಯಡಕ್ಟ್’ ಎನ್ನುತ್ತಾನೆ; ವಲಸಿಗನ ಅರೆಬರೆ ಇಂಗ್ಲಿಷಿನ ಚಿಕೊಗೆ ಅದು ‘ವೈ ಎ ಡಕ್’, ಅಂದರೆ ‘ಬಾತುಕೋಳಿ ಯಾಕೆ’ ಎಂದು ಕೇಳಿಸುತ್ತದೆ. ಬಾತುಕೋಳಿಯೇ ಯಾಕೆ, ಕೋಳಿ ಯಾಕಾಗಬಾರದು ಎಂದು ಅವನು ಹಿಡಿದ ಪಟ್ಟನ್ನು ಬಿಡುವುದಿಲ್ಲ. ತಾಳಮದ್ದಳೆಯಲ್ಲಿ ಎದುರಾಳಿಯ ಬಾಯಿಯಿಂದ ಜಾರಿದ ಒಂದೇ ಪದವನ್ನು ಹಿಡಿದು ಅರ್ಧ ಗಂಟೆ ಜಗ್ಗಾಡುವ ಅರ್ಥಧಾರಿಗಳ ವರಸೆ ನನಗೆ ಇಲ್ಲಿ ನೆನಪಾಯಿತು. ಆದರೆ ಇಂಥ ಶ್ಲೇಷೆಯನ್ನು ಕನ್ನಡಕ್ಕೆ ತರುವುದು ಅಸಾಧ್ಯ. ಪಕ್ಕದಲ್ಲಿ ಕುಳಿತಿದ್ದ ಅಮ್ಮನಿಗೆ ನಾನು ಎಷ್ಟು ಬಿಡಿಸಿ ಹೇಳಿದರೂ ಅವಳಿಗೆ ನಗು ಬರಲಿಲ್ಲ.

ಅವಳು ನಕ್ಕದ್ದು ಹಾರ್ಪೊ ಬಂದಾಗ. ಪ್ರೇಕ್ಷಕರಿಗೆ ಧ್ವನಿಯನ್ನು ಮಾರಲೆಂದೇ ತಯಾರಾದ ಈ ಚಿತ್ರದಲ್ಲಿ ಅವನೊಬ್ಬ ಆರಂಭದಿಂದ ಕೊನೆಯವರೆಗೆ ಒಂದು ಮಾತನ್ನೂ ಆಡುವುದಿಲ್ಲ. ಹೋಟೆಲಿನ ಹುಡುಗನ ಅಂಗಿಯಿಂದ ಗುಂಡಿ ಕಿತ್ತು ತಿನ್ನುತ್ತಾನೆ, ಮಸಿಕುಡಿಕೆಯ ಮಸಿ ಕುಡಿಯುತ್ತಾನೆ, ದೂರವಾಣಿಯನ್ನು ಕಡಿಯುತ್ತಾನೆ, ಗಿರಾಕಿಗಳ ಕಾಗದಗಳನ್ನು ಹರಿದು ಹಾಕುತ್ತಾನೆ. ಇಷ್ಟನ್ನೂ ಕೆಡುಕಿನ ಲವಲೇಶವಿಲ್ಲದ ಮಗುವಿನ ಮುಖದಲ್ಲಿ ಮಾಡುತ್ತಾನೆ. ಮೂರು ವರ್ಷಕ್ಕೊಮ್ಮೆ ನಡೆಯುವ ಸಾಗರದ ಮಾರಿಕಾಂಬಾ ಜಾತ್ರೆಗೆ ಬಂದು ಬಿಡಾರ ಹೂಡುತ್ತಿದ್ದ ಕಂಪನಿಗಳ ನಾಟಕಗಳನ್ನು ಅಮ್ಮ ತಪ್ಪಿಸಿದವಳಲ್ಲ. ಹಾಸ್ಯಗಾರ ಪರದೆಯ ಅಂಚಿನಲ್ಲಿ ಮುಖ ತೋರಿಸಿದೊಡನೆ ಸಭೆ ಹೇಗೆ ಬದಲಾಗುತ್ತದೆಂದು ಅವಳಿಗೆ ಗೊತ್ತು. “ಇವ ನಿಜವಾಗಿ ಮೂಗನೋ, ಸುಳ್ಳು ಮೂಗನೋ?” ಎಂದು ಕೇಳಿದಳು. ಸುಳ್ಳು ಮೂಗ ಎಂದೆ. ಅನಂತರ ಅವಳ ಕಣ್ಣು ಅವನೊಬ್ಬನನ್ನು ಬಿಟ್ಟು ಕದಲಲಿಲ್ಲ. ಅವನು ಹಾರ್ಪ್ ವಾದ್ಯದ ಮುಂದೆ ಕುಳಿತಾಗ ಮಾತ್ರ ಅವನ ತುಂಟತನ ನಿಂತು, ಚಿತ್ರವೇ ಉಸಿರು ಬಿಗಿಹಿಡಿದಂತಾಗುತ್ತದೆ. ಧ್ವನಿ ಬಂದದ್ದರಿಂದ ಮೂಕ ಪಾತ್ರಕ್ಕೆ ಸಿಕ್ಕಿದ ಲಾಭ ಇದು: ಸುತ್ತಲಿನವರೆಲ್ಲ ವಟಗುಟ್ಟುವಾಗ ಅವನ ಮೌನ ಸ್ಪಷ್ಟವಾಗಿ ಕೇಳಿಸುತ್ತದೆ.

ದೋಷಗಳನ್ನು ಹೇಳದೆ ಬಿಡುವಂತಿಲ್ಲ. ಮೇರಿ ಈಟನ್ ಮತ್ತು ಆಸ್ಕರ್ ಶಾ ಅವರ ಪ್ರಣಯ ಗೀತೆ ಮತ್ತೆ ಮತ್ತೆ ಬಂದು ಆಟದ ಓಟವನ್ನು ತಡೆಯುತ್ತದೆ. ಬರ್ಲಿನ್ನರಂಥ ದೊಡ್ಡ ಗೀತಕಾರರಿಂದ ಇನ್ನೂ ಹೆಚ್ಚಿನದನ್ನು ನಿರೀಕ್ಷಿಸಿದ್ದೆ. ನಾಲ್ಕನೆಯ ಸಹೋದರ ಜೆಪ್ಪೊಗೆ ಹೋಟೆಲಿನ ಮೇಜಿನ ಹಿಂದೆ ನಿಲ್ಲುವುದಕ್ಕಿಂತ ಹೆಚ್ಚಿನ ಕೆಲಸವೇ ಇಲ್ಲ.

ನಿರ್ದೇಶಕರು ಇಬ್ಬರು, ರಾಬರ್ಟ್ ಫ್ಲೋರಿ ಮತ್ತು ಜೋಸೆಫ್ ಸ್ಯಾಂಟ್ಲಿ. ಯಂತ್ರದ ಸದ್ದು ಮೈಕ್ರೊಫೋನಿಗೆ ತಾಗದಿರಲೆಂದು ಆ ಕಾಲದಲ್ಲಿ ಕ್ಯಾಮೆರಾವನ್ನು ಗೂಡಿನಂಥ ಪೆಟ್ಟಿಗೆಯೊಳಗೆ ಮುಚ್ಚಿಡುತ್ತಿದ್ದರಾದ್ದರಿಂದ, ಇಲ್ಲಿನ ಬಹುತೇಕ ದೃಶ್ಯಗಳು ಮುಂದಿನ ಸಾಲಿನ ಕುರ್ಚಿಯಲ್ಲಿ ಕುಳಿತವನಿಗೆ ಕಂಡಂತೆ ಕಾಣುತ್ತವೆ. ಇದನ್ನು ಕೊರತೆಯೆಂದು ಹಲವರು ಹೇಳುವುದುಂಟು. ಹೆಗ್ಗೋಡಿನ ನೀನಾಸಮ್ ಅಂಗಳದಲ್ಲಿ ನಾಟಕವನ್ನೂ ಚಲನಚಿತ್ರವನ್ನೂ ಒಟ್ಟಿಗೆ ನೋಡಲು ಕಲಿತ ನನಗೆ ಹಾಗೆನ್ನಿಸುವುದಿಲ್ಲ. ಒಂದಕ್ಕೊಂದು ಬಾಗಿಲಿರುವ ಎರಡು ಮಲಗುವ ಕೋಣೆಗಳನ್ನು ಒಂದೇ ನೋಟದಲ್ಲಿ ಇಟ್ಟು, ಒಬ್ಬರು ಒಳಹೊಕ್ಕ ಕ್ಷಣಕ್ಕೆ ಸರಿಯಾಗಿ ಇನ್ನೊಬ್ಬರು ಹೊರಬೀಳುವಂತೆ ನಡೆಸಿದ ದೃಶ್ಯವನ್ನು ಕ್ಯಾಮೆರಾ ಕದಲಿಸಿ ತುಂಡು ತುಂಡು ಮಾಡಿದ್ದರೆ ಅದರ ಲೆಕ್ಕಾಚಾರವೇ ಕಳೆದುಹೋಗುತ್ತಿತ್ತು. ನೂರಾರು ರಾತ್ರಿ ಜನರ ಮುಂದೆ ಆಡಿ ತಿದ್ದಿಕೊಂಡ ಕಾಲಗತಿ ಅದು. ಹಾಗೆಂದು ಚಿತ್ರ ಪೂರ್ತಿ ನಿಂತ ನೀರಲ್ಲ: ನರ್ತಕಿಯರ ಗುಂಪನ್ನು ನೆತ್ತಿಯ ಮೇಲಿನಿಂದ ನೋಡುವ, ಮುಂದೆ ಹಾಲಿವುಡ್‌ನ ನೃತ್ಯ ನಿರ್ದೇಶಕ ಬಸ್ಬಿ ಬರ್ಕ್ಲಿಯವರಿಂದ ಪ್ರಸಿದ್ಧವಾದ ಕೋನವೂ ಇಲ್ಲಿದೆ.

ಇನ್ನು ಪ್ರತಿಯ ವಿಷಯ. ಬೇರೆ ಬೇರೆ ಪ್ರತಿಗಳಿಂದ ಜೋಡಿಸಿದ್ದರಿಂದ ಕೆಲವು ಭಾಗ ನಿಚ್ಚಳವಾಗಿಯೂ ಕೆಲವು ಭಾಗ ಮಬ್ಬಾಗಿಯೂ ಇದೆ. ಪುನರುಜ್ಜೀವನಗೊಳಿಸಿದ ಬ್ಲೂ-ರೇ ಮುದ್ರಿಕೆ ಸಿಕ್ಕಿದರೆ ಅದನ್ನೇ ನೋಡುವುದು ಒಳ್ಳೆಯದು. ಅಮೆರಿಕದಲ್ಲಿ ಇದರ ಹಕ್ಕುಸ್ವಾಮ್ಯ 2024ರ ಕೊನೆಗೆ ಮುಗಿದಿದೆ. ಇಂಗ್ಲಿಷ್ ಅಡಿಬರಹ ಹಾಕಿಕೊಳ್ಳುವುದು ಅಗತ್ಯ, ಏಕೆಂದರೆ ಗ್ರೌಚೊನ ಮಾತಿನ ವೇಗಕ್ಕೆ ಕಿವಿ ಹೊಂದಿಕೊಳ್ಳುವಷ್ಟರಲ್ಲಿ ಎರಡು ನಗೆ ದಾಟಿಹೋಗಿರುತ್ತವೆ.

ನಿಶ್ಚಿತಾರ್ಥದ ಔತಣದ ದೃಶ್ಯ ಮುಗಿಯುವವರೆಗೂ ಎದ್ದುಹೋಗಬಾರದು. ಒಬ್ಬೊಬ್ಬರೇ ಎದ್ದು ಭಾಷಣ ಆರಂಭಿಸಿದಾಗಲೆಲ್ಲ ಹಾರ್ಪೊ ಸಹಿಸಲಾರದ ಮುಖ ಮಾಡಿಕೊಂಡು, ಕುರ್ಚಿ ಬಿಟ್ಟು ಪಾನೀಯದ ಕಡೆಗೆ ನಡೆದುಬಿಡುತ್ತಾನೆ. ಮೊದಲ ಸಲ ಅಮ್ಮ ಸುಮ್ಮನೆ ನೋಡಿದಳು. ಆಮೇಲೆ ಮತ್ತೊಬ್ಬರು ಭಾಷಣಕ್ಕೆ ಗಂಟಲು ಸರಿಮಾಡಿಕೊಳ್ಳುತ್ತಿದ್ದಂತೆ, ಅವನಿನ್ನೂ ಕುರ್ಚಿಯಲ್ಲಿರುವಾಗಲೇ, ಅವಳು ನಗತೊಡಗಿದ್ದಳು.